ಉರ್ಶುಲೆಯ ಬಾಯಿ, ಎಲ್ವಿರಾಳ ಮಾತು

ಉರ್ಶುಲೆ ನಾರ್ವಿಲೈತೆ ಇಪ್ಪತ್ತಾರು ಸಿನಿಮಾಗಳಲ್ಲಿ ನಟಿಸಿದಳು. ಒಂದರಲ್ಲೂ ಅವಳ ದನಿ ಇಲ್ಲ. ಮುಖ ಅವಳದು, ಮಾತು ಇನ್ಯಾರದೋ. ಆ ಇಪ್ಪತ್ತಾರರಲ್ಲಿ ಇಪ್ಪತ್ತೈದನ್ನು ಅವಳು ಎಂದೋ ಮರೆತಳು. ಮೊದಲನೆಯದನ್ನು ಮಾತ್ರ ಮೂವತ್ತಾರು ವರ್ಷ ಎದೆಯಲ್ಲಿಟ್ಟುಕೊಂಡು ಸಾಕಿದಳು.

ನಾನು ಸ್ತಾಸೆ. ಲಿಥುವೇನಿಯದ ರಾಜಧಾನಿ ವಿಲ್ನ್ಯುಸ್‌ನ ಸ್ಟುಡಿಯೋ ಒಂದರಲ್ಲಿ ಮೂವತ್ತೊಂದು ವರ್ಷ ಮೇಕಪ್ ಮಾಡಿದವಳು. ಕನ್ನಡಿಯ ಮುಂದೆ ಕೂತವರು ತಮ್ಮ ಹೆಂಡತಿಗೆ ಹೇಳದ್ದನ್ನು ನಮಗೆ ಹೇಳುತ್ತಾರೆ. ಬಾಯಿ ಮುಚ್ಚಿಕೊಂಡಿರುವುದು ನಮ್ಮ ಕಸುಬಿನ ಅರ್ಧ ಭಾಗ. ನಾನು ಆ ಅರ್ಧವನ್ನು ಸ್ವಲ್ಪ ಹೆಚ್ಚೇ ಚೆನ್ನಾಗಿ ಕಲಿತಿದ್ದೆ. ಅದನ್ನು ಆಮೇಲೆ ಹೇಳುತ್ತೇನೆ.

ಉರ್ಶುಲೆ ಜೆಮೈತಿಯ ಸೀಮೆಯ ವೈಶ್‌ಗಿರೆ ಎಂಬ ಸಣ್ಣ ಊರಿನವಳು. ಆ ಕಡೆಯ ಮಾತೇ ಬೇರೆ. ನಾವು ಪೇಟೆಯವರು ಅದನ್ನು ಕೇಳಿ ನಗುತ್ತಿದ್ದೆವು, ಅವರು ನಮ್ಮ ಮಾತು ಕೇಳಿ ಮುಖ ತಿರುಗಿಸುತ್ತಿದ್ದರು. ಊರ ಡೈರಿಯಲ್ಲಿ ಚೀಸ್ ಒತ್ತುತ್ತಿದ್ದ ಈ ಹುಡುಗಿ, ಭಾನುವಾರದ ಹವ್ಯಾಸಿ ನಾಟಕವೊಂದರಲ್ಲಿ ನಿರ್ದೇಶಕ ಕೆಸ್ತಾಸ್ ಬುದ್ರೆಕಾಸ್‌ನ ಕಣ್ಣಿಗೆ ಬಿದ್ದಳು. ಅರವತ್ತೊಂಬತ್ತನೇ ಇಸವಿ. ಅವಳಿಗೆ ಇಪ್ಪತ್ತನಾಲ್ಕು, ನನಗೆ ಇಪ್ಪತ್ತೇಳು. ಬುದ್ರೆಕಾಸ್‌ನನ್ನು ಎಲ್ಲರೂ ಮೇಷ್ಟ್ರು ಎನ್ನುತ್ತಿದ್ದರು. ತಲೆಯಲ್ಲಿ ಚಿತ್ರ ಬಿಟ್ಟರೆ ಬೇರೇನೂ ಇಲ್ಲದ ಮನುಷ್ಯ ಎಂದು ಹೊಗಳುತ್ತಿದ್ದರು. ನಿಜ, ಮನುಷ್ಯರೂ ಇರಲಿಲ್ಲ.

ಮೊದಲ ದಿನ ನನ್ನ ಕುರ್ಚಿಯಲ್ಲಿ ಕೂತಾಗ ಉರ್ಶುಲೆ ತುಟಿಗೆ ಬಣ್ಣ ಹಚ್ಚಲು ಬಿಡಲಿಲ್ಲ. ನನ್ನ ಬೆರಳು ಬಾಯಿಯ ಹತ್ತಿರ ಹೋದರೆ ಸಾಕು, ತಲೆ ಹಿಂದಕ್ಕೆ ಎಳೆದುಕೊಳ್ಳುತ್ತಿದ್ದಳು.

"ಏನಮ್ಮಾ, ಕಚ್ಚಿಬಿಡ್ತೀನಾ ನಾನು?" ಎಂದೆ.

"ನೀ ಅಲ್ಲಕ್ಕ. ಬಾಯಿ ಮ್ಯಾಲ ಕೈ ಬಂದ್ರ ನನಗ ಉಸುರ ನಿಲ್ತೇತಿ," ಎಂದಳು.

ಆಮೇಲೆ ಹೇಳಿದಳು. ಯುದ್ಧ ಮುಗಿದ ಮೇಲೆ ಕಾಡು ಸೇರಿ ಸೋವಿಯತ್ ಪಡೆಗಳ ವಿರುದ್ಧ ಹೋರಾಡಿದ ಹುಡುಗರಲ್ಲಿ ಅವಳ ಅಣ್ಣ ಲಿಯುದಾಸ್ ಒಬ್ಬ. ಐವತ್ತನೇ ಇಸವಿಯಲ್ಲಿ ಅವನನ್ನು ಕೊಂದರು. ಕೊಂದವರು ಹೂಳಲಿಲ್ಲ. ಇನ್ನಿಬ್ಬರ ಜೊತೆ ಸಂತೆಯ ಚೌಕದ ಕಲ್ಲುಹಾಸಿನ ಮೇಲೆ ಮಲಗಿಸಿದರು. ನೋಡಲು ಬಂದವರಲ್ಲಿ ಯಾರು ಅಳುತ್ತಾರೆ, ಯಾರು ಹೆಸರು ಹಿಡಿದು ಕರೆಯುತ್ತಾರೆ ಎಂದು ಕಾಯುತ್ತಾ ನಿಂತರು. ಅತ್ತವರ ಮನೆಯವರನ್ನೆಲ್ಲ ಮಾರನೆಯ ದಿನವೇ ಸೈಬೀರಿಯಾದ ರೈಲು ಹತ್ತಿಸುತ್ತಿದ್ದರು. ಆಗ ಐದು ವರ್ಷದ ಉರ್ಶುಲೆ ಅವ್ವನ ಕೈ ಹಿಡಿದು ಅಲ್ಲಿಗೆ ಹೋಗಿದ್ದಳು. ಅಣ್ಣನನ್ನು ಕಂಡಳು. ಕೂಗಲು ಬಾಯಿ ತೆರೆದಳು. ಅವ್ವ ಅವಳ ಬಾಯಿ ಮುಚ್ಚಿದಳು. ಹಾಲಿನ ವಾಸನೆಯ ಆ ಅಂಗೈ ಮನೆ ತಲುಪುವವರೆಗೂ ಅವಳ ಬಾಯಿಯಿಂದ ಸರಿಯಲಿಲ್ಲ. ಕೇಳಿದ ಅಧಿಕಾರಿಗೆ ಅವ್ವ ಹೇಳಿದ್ದು ಒಂದೇ ಮಾತು: "ನನಗ ಗೊತ್ತಿಲ್ಲ."

ಬುದ್ರೆಕಾಸ್‌ನ ಚಿತ್ರದಲ್ಲಿಯೂ ಅಂಥದೇ ದೃಶ್ಯವಿತ್ತು. ನಾಯಕಿ ಚೌಕದಲ್ಲಿ ಅಣ್ಣನ ಹೆಣದ ಮುಂದೆ ನಿಂತು "ಗೊತ್ತಿಲ್ಲ" ಎನ್ನುತ್ತಾಳೆ. ಕಾಗದದ ಮೇಲೆ ಬರೆದಿದ್ದದ್ದು ಆ ಒಂದೇ ಮಾತು. ಅದಕ್ಕಾಗಿಯೇ ಉರ್ಶುಲೆ ಒಪ್ಪಿಕೊಂಡಿದ್ದಳು. ಊರಿಗೆ ಹೋಗಿ ಅವ್ವನನ್ನು ಕೇಳಿ ಬಂದಿದ್ದಳು. ಅವ್ವ, "ನಾ ಅಂದಿದ್ದನ್ನ ಅಂದ್ರ ಅನ್ನ. ಹೆಚ್ಚ ಅನಬ್ಯಾಡ, ಕಡಿಮಿ ಅನಬ್ಯಾಡ," ಎಂದಳಂತೆ.

ಆ ಕಾಲದಲ್ಲಿ ಶೂಟಿಂಗ್‌ನಲ್ಲಿ ಮಾತು ಹಿಡಿಯುತ್ತಿರಲಿಲ್ಲ. ಕ್ಯಾಮೆರಾ ಹೊಲಿಗೆ ಯಂತ್ರದಂತೆ ಗಡಗಡ ಅನ್ನುತ್ತಿತ್ತು. ಮಾತೆಲ್ಲ ಆಮೇಲೆ ಡಬ್ಬಿಂಗ್ ಕೋಣೆಯಲ್ಲಿ. ಹಾಗಾಗಿ ನಟರು ಕ್ಯಾಮೆರಾ ಮುಂದೆ ಬಾಯಿಗೆ ಬಂದದ್ದು ಹೇಳುತ್ತಿದ್ದರು. ಒಬ್ಬ ಹಿರಿಯ ನಟನಂತೂ ಪ್ರೇಮದ ದೃಶ್ಯದಲ್ಲಿ ಮಗ್ಗಿ ಹೇಳುತ್ತಿದ್ದ. ಚೌಕದ ದೃಶ್ಯದ ದಿನ ಹೆಣವಾಗಿ ಮಲಗಿದ್ದವನು ನಮ್ಮ ಲಾರಿ ಡ್ರೈವರ್. ಎರಡು ಸಲ ಸೀನಿ ಬೈಸಿಕೊಂಡಿದ್ದ. ಬುದ್ರೆಕಾಸ್‌ಗೆ ಸಾಕಾಗಿ ಕೂಗಿದ: "ಉರ್ಶುಲೆ, ಒಂದೇ ಮಾತು ಅಂತ ಒಂದೇ ಸಲ ಬಾಯಿ ಆಡಿಸಿ ನಿಲ್ಲಿಸ್ಬೇಡ. ಮುಖ ಹತ್ತಿರದಿಂದ ಹಿಡೀತಿದೀನಿ. ಏನಾದ್ರೂ ಹೇಳ್ತಾ ಇರು, ತುಟಿ ಆಡ್ಲಿ. ಮಾತು ಆಮೇಲೆ ಸರಿಮಾಡೋಣ!"

ಅವಳು ಹೇಳಿದಳು. ನಾನು ಕ್ಯಾಮೆರಾದ ಪಕ್ಕದಲ್ಲೇ ಪೌಡರ್ ಡಬ್ಬಿ ಹಿಡಿದು ನಿಂತಿದ್ದೆ. ಎರಡು ಮಾರು ದೂರದಿಂದ, ಕ್ಯಾಮೆರಾದ ಗಡಗಡದ ನಡುವೆಯೂ ಕೇಳಿಸಿತು.

"ಏಳೋ ಲಿಯುದಾಸಣ್ಣ. ಹಾಲು ಆರಾಕತ್ತಾವ. ಅವ್ವ ಬಾಯಿ ಮುಚ್ಚಿದ್ಲೋ, ಅದಕ್ಕ ಆವತ್ತ ಕೂಗಲಿಲ್ಲ. ನೀ ನಮ್ಮವನ ಅದೀ. ನೀ ನಮ್ಮವನ."

ಹೆಣವಾಗಿದ್ದ ಡ್ರೈವರ್‌ನ ಕಣ್ಣಂಚಿನಿಂದ ನೀರು ಕಿವಿಗೆ ಇಳಿಯಿತು. ಅದೃಷ್ಟಕ್ಕೆ ಅವನು ಕ್ಯಾಮೆರಾದ ಚೌಕಟ್ಟಿನಲ್ಲಿ ಇರಲಿಲ್ಲ. ಬುದ್ರೆಕಾಸ್ "ಸಾಕು" ಎಂದವನು ಯಾರ ಮುಖವನ್ನೂ ನೋಡದೆ ದೂರ ಹೋಗಿ ಸಿಗರೇಟು ಹಚ್ಚಿದ. ಅವನಿಗೂ ಕೇಳಿಸಿತ್ತು. ಅವನನ್ನು ದೊಡ್ಡ ನಿರ್ದೇಶಕನನ್ನಾಗಿ ಮಾಡಿದ್ದು ಆ ಹತ್ತೊಂಬತ್ತು ಸೆಕೆಂಡಿನ ಮುಖ. ಪುಸ್ತಕಗಳಲ್ಲಿ ಆ ಚಿತ್ರ ಅಚ್ಚಾಗಿದೆ, ಅಂಚೆ ಲಕೋಟೆಯ ಮೇಲೂ ಬಂದಿದೆ.

ಚಳಿಗಾಲದಲ್ಲಿ ಡಬ್ಬಿಂಗ್ ಶುರುವಾಯಿತು. ಉರ್ಶುಲೆಯನ್ನು ಕರೆಸಲಿಲ್ಲ. ಅವಳು ಡೈರಿಯಲ್ಲಿ ಸೂಟ್‌ಕೇಸು ಕಟ್ಟಿಟ್ಟುಕೊಂಡು ಟೆಲಿಗ್ರಾಮಿಗೆ ಕಾಯುತ್ತಿದ್ದಳು. ಇಲ್ಲಿ ಒಂದು ಬೆಳಿಗ್ಗೆ ಬುದ್ರೆಕಾಸ್‌ನ ಹೆಂಡತಿ, ರಂಗನಟಿ ಎಲ್ವಿರಾ, ಕೈಯಲ್ಲಿ ಮಾತಿನ ಹಾಳೆ ಹಿಡಿದು ಡಬ್ಬಿಂಗ್ ಕೋಣೆಗೆ ಹೋಗುವುದನ್ನು ನಾನು ಕಂಡೆ. ಮಧ್ಯಾಹ್ನ ಅವಳು ನನ್ನ ಕೋಣೆಗೇ ಬಂದು ಚಹಾ ಕುಡಿದಳು. ಹಾಳೆ ನನ್ನ ಮೇಜಿನ ಮೇಲಿತ್ತು. ಓದಿದೆ. "ಗೊತ್ತಿಲ್ಲ" ಎಂಬುದನ್ನು ಹೊಡೆದು ಹಾಕಿ, ಮೇಲೆ ನೇರಳೆ ಶಾಯಿಯಲ್ಲಿ ಬರೆದಿತ್ತು: "ಈ ಡಕಾಯಿತ ನನ್ನ ಅಣ್ಣನಲ್ಲ. ಬೀದಿ ನಾಯಿ ಸತ್ತ ಹಾಗೆ ಸತ್ತ, ಅದೇ ಸರಿ. ಇವನಿಗೆ ನನ್ನ ಕಣ್ಣಲ್ಲಿ ನೀರಿಲ್ಲ."

"ಇದು... ಉರ್ಶುಲೆಗೆ ಗೊತ್ತಾ?" ಎಂದೆ.

"ಯಾಕೆ ಗೊತ್ತಾಗ್ಬೇಕು?" ಎಂದಳು ಎಲ್ವಿರಾ. "ಆ ಹುಡುಗಿ ಬಾಯಿಬಿಟ್ರೆ ಸೆಗಣಿ ವಾಸನೆ. ಸ್ತಾಸೆ, ನಿನ್ನ ಮನೆ ಅರ್ಜಿ ಸಮಿತಿ ಮುಂದಿದೆಯಂತಲ್ಲ? ಕೆಸ್ತಾಸ್ ಅದೇ ಸಮಿತಿಲಿದಾರೆ."

ಅಷ್ಟೇ. ಬೆದರಿಕೆಯಲ್ಲ, ಬೇಡಿಕೆಯಲ್ಲ, ಬಿಸ್ಕತ್ತು ಅದ್ದುತ್ತಾ ಹೇಳಿದ ಮಾತು. ಆಗ ನಾನು ಆರು ಜನರ ಜೊತೆ ಒಂದು ಅಡುಗೆಮನೆ ಹಂಚಿಕೊಂಡು ಬದುಕುತ್ತಿದ್ದೆ. ಟೆಲಿಗ್ರಾಮ್ ಕಚೇರಿ ಸ್ಟುಡಿಯೋದ ಎದುರಿಗೇ ಇತ್ತು. ರಸ್ತೆ ದಾಟಿ ನಾಲ್ಕು ಪದ ಬರೆದಿದ್ದರೆ ಸಾಕಿತ್ತು. ದಾಟಲಿಲ್ಲ. ಏಪ್ರಿಲ್‌ನಲ್ಲಿ ನನಗೆ ಒಂದು ಕೋಣೆಯ ಫ್ಲಾಟ್ ಸಿಕ್ಕಿತು, ಬಿಸಿನೀರು ಸಮೇತ.

ಫೆಬ್ರವರಿಯಲ್ಲಿ ವೈಶ್‌ಗಿರೆಯ ಸಂಸ್ಕೃತಿ ಭವನದಲ್ಲಿ ವಿಶೇಷ ಪ್ರದರ್ಶನ. ಊರ ಹುಡುಗಿಯ ಚಿತ್ರ ಎಂದು ಊರಿಗೆ ಊರೇ ಬಂದಿತ್ತು. ನಾನು ಅವಳ ಕೂದಲು ಕಟ್ಟಲು ಹೋಗಿದ್ದೆ. ಅವ್ವ ಏಳನೇ ಸಾಲಿನ ಅಂಚಿನಲ್ಲಿ ಕೂತಿದ್ದಳು, ಹೊಸ ಉಣ್ಣೆ ವಸ್ತ್ರ ತಲೆಗೆ ಕಟ್ಟಿಕೊಂಡು. ಉರ್ಶುಲೆ ಪಕ್ಕದಲ್ಲಿ. ನಾನು ಅವರ ಹಿಂದೆ. ಚಿತ್ರ ಶುರುವಾಗಿ ಪರದೆಯ ಮೇಲಿನ ಅವಳ ಬಾಯಿಂದ ಬೇರೊಂದು ದನಿಯಲ್ಲಿ ಮೊದಲ ಮಾತು ಬಂದಾಗ ಉರ್ಶುಲೆ ಬೆಚ್ಚಿದಳು, ತಿರುಗಿ ನನ್ನನ್ನು ನೋಡಿದಳು. ನಾನು ಪರದೆ ನೋಡಿದೆ. ಹಳೆಯ ಲೌಡ್‌ಸ್ಪೀಕರ್ ಎಲ್ಲರ ದನಿಯನ್ನೂ ಒಂದೇ ಥರ ಕರಕರ ಮಾಡುತ್ತಿತ್ತು. ಉಳಿದವರಿಗೆ ಏನೂ ತಿಳಿಯಲಿಲ್ಲ. ಒಬ್ಬರ ಬಾಯಿಗೆ ಇನ್ನೊಬ್ಬರ ಮಾತು ಹೊಲಿಯಬಹುದೆಂದು ಆ ಊರಲ್ಲಿ ಯಾರಿಗೆ ಗೊತ್ತು?

ಚೌಕ ಬಂತು. ಹೆಣ ಬಂತು. ಪರದೆಯ ತುಂಬ ಉರ್ಶುಲೆಯ ಮುಖ. ಅದರ ಬಾಯಿಂದ ಬಂತು: ಡಕಾಯಿತ, ಬೀದಿ ನಾಯಿ, ಕಣ್ಣಲ್ಲಿ ನೀರಿಲ್ಲ.

ಅವ್ವ ಎದ್ದು ನಿಂತಳು.

"ಅದು ನಾ ಅಲ್ಲಬೇ! ನಾ ಅಂದಿಲ್ಲಬೇ ಅದನ್ನ!" ಉರ್ಶುಲೆ ಅವಳ ಕೋಟು ಜಗ್ಗಿದಳು.

"ನನ್ನ ಕಣ್ಣೀಲೆ ನೋಡೇನಿ," ಎಂದಳು ಅವ್ವ. ದನಿ ಎತ್ತಲಿಲ್ಲ. "ಆವತ್ತ ನಿನ್ನ ಬಾಯಿ ಮುಚ್ಚಿದ್ದು ನಿನ್ನ ಜೀವ ಉಳಸಾಕ. ಇವತ್ತ ಅದನ್ನ ತಗದಿದ್ದು ಹಿಂಗ ಅನ್ನಾಕೇನ?"

ಏಳು ಮೈಲಿ ಹಿಮದಲ್ಲಿ ನಡೆದುಕೊಂಡೇ ಊರಾಚೆಯ ತನ್ನ ತೋಟದ ಮನೆಗೆ ಹೋದಳು. ಬಸ್ಸಿಗೆ ಕಾಯಲಿಲ್ಲ.

ಮಾರನೆಯ ದಿನ ಉರ್ಶುಲೆ ಸ್ಟುಡಿಯೋದಲ್ಲಿ ಬುದ್ರೆಕಾಸ್‌ನ ಎದುರು ನಿಂತಳು. ಅವನು ಅವಳಿಗೆ ಕುರ್ಚಿ ತೋರಿಸಿ ಶಾಂತವಾಗಿ ಹೇಳಿದ: "ನೀನು ಕ್ಯಾಮೆರಾ ಮುಂದೆ ಹೇಳಿದ್ದನ್ನ ಹಾಕಿದ್ರೆ ನೀನೂ ನಾನೂ ಇಷ್ಟೊತ್ತಿಗೆ ರೈಲಲ್ಲಿರ್ತಿದ್ವಿ. ನಿನ್ನ ಮುಖ ಉಳಿಸಿದೀನಿ, ತಾಯಿ."

"ಅದನ್ನ ಹಾಕ್ರಿ ಅಂತ ಯಾರ ಅಂದ್ರು? 'ಗೊತ್ತಿಲ್ಲ' ಅಂತ ಇತ್ತಲ್ರಿ. ಅದನ್ನರ ಬಿಡಬೇಕಿತ್ತಲ್ರಿ."

"ಗೊತ್ತಿಲ್ಲ ಅಂದ್ರೆ ದೃಶ್ಯಕ್ಕೆ ತೂಕ ಬರ್ತಿರ್ಲಿಲ್ಲ," ಎಂದ.

ತೂಕ ಬಂದಿತು. ರಾಜ್ಯ ಪ್ರಶಸ್ತಿಯೂ ಬಂತು. ಗಂಡನ ಜೊತೆ ಎಲ್ವಿರಾ ಅದನ್ನು ಪಡೆಯುವ ದಿನ ಹಾಕಿಕೊಂಡ ಕೆಂಪು ಶೂಗಳನ್ನು ನಾನೇ ಒರೆಸಿದ್ದೆ.

ಆ ಡಿಸೆಂಬರ್‌ನಲ್ಲಿ, ಕ್ರಿಸ್‌ಮಸ್ ಹಿಂದಿನ ಸಂಜೆಯ ಕೂಚೊಸ್ ಊಟಕ್ಕೆ ಉರ್ಶುಲೆ ಊರಿಗೆ ಹೋದಳು. ಆ ಸಂಜೆ ಮೊದಲ ನಕ್ಷತ್ರ ಕಂಡ ಮೇಲೆ ಮೇಜಿಗೆ ಕೂರುತ್ತೇವೆ. ಸತ್ತವರಿಗೊಂದು ಖಾಲಿ ತಟ್ಟೆ ಇಡುತ್ತೇವೆ. ಚರ್ಚಿನಿಂದ ತಂದ ಕಾಗದದಷ್ಟು ತೆಳ್ಳನೆಯ ಬಿಳಿ ರೊಟ್ಟಿಯನ್ನು ಪ್ರತಿಯೊಬ್ಬರೂ ಪ್ರತಿಯೊಬ್ಬರ ಜೊತೆ ಮುರಿದು ತಿನ್ನಬೇಕು. ಮುರಿದರೆ ಆ ವರ್ಷದ ಜಗಳ ಮುಗಿಯಿತು ಎಂದು ಅರ್ಥ. ಕಚ್ಚಾಡುವ ಅಣ್ಣತಮ್ಮಂದಿರೂ ಅವತ್ತು ಮುರಿಯುತ್ತಾರೆ. ಅವ್ವ ನೆರೆಯವರ ಜೊತೆ ಮುರಿದಳು, ಚಿಕ್ಕಮ್ಮನ ಜೊತೆ ಮುರಿದಳು, ಉರ್ಶುಲೆ ಚಾಚಿದ ಕೈಯ ಮುಂದೆ ನಿಂತಳು. ಆಮೇಲೆ ಲಿಯುದಾಸ್‌ಗೆಂದು ಇಟ್ಟ ಖಾಲಿ ತಟ್ಟೆಯ ಕಡೆ ಗದ್ದ ಎತ್ತಿ ಹೇಳಿದಳು: "ಅವನ್ನ ಕೇಳ."

ನಾಲ್ಕು ವರ್ಷ ಹೀಗೇ. ಐದನೇ ವರ್ಷ ಅವ್ವ ಸತ್ತಳು. ಜೆಮೈತಿಯದಲ್ಲಿ ಸಾವಿನ ಮನೆಯಲ್ಲಿ ಊರ ಹೆಂಗಸರು ಗೋಳಿನ ಪದ ಹಾಡುತ್ತಾರೆ. ಮಗಳು ದನಿಗೂಡಿಸಬೇಕು. ಉರ್ಶುಲೆ ಬಾಯಿ ತೆರೆದಳು. ಹಾಡುತ್ತಿದ್ದ ಒಂಬತ್ತು ಹೆಂಗಸರೂ ಒಟ್ಟಿಗೆ ನಿಲ್ಲಿಸಿದರು. ಅವಳು ಬಾಯಿ ಮುಚ್ಚಿದ ಮೇಲೆ ಮತ್ತೆ ಶುರು ಮಾಡಿದರು.

ವಿಲ್ನ್ಯುಸ್‌ಗೆ ಮರಳಿ ಬಂದು ನನ್ನ ಫ್ಲಾಟಿನ ಅಡುಗೆಮನೆಯಲ್ಲಿ ಕೂತು ಇದನ್ನೆಲ್ಲ ಹೇಳಿದಳು. ಕಣ್ಣಲ್ಲಿ ಹನಿ ನೀರಿಲ್ಲ.

"ಅಕ್ಕ, ಆ ಮೇಷ್ಟ್ರ ಸಾಯೂಮಟ ನಾ ಸಾಯಂಗಿಲ್ಲ ನೋಡ," ಎಂದಳು.

ಅಂದಿನಿಂದ ಅವಳ ಕೂಚೊಸ್ ಊಟ ನನ್ನ ಮನೆಯಲ್ಲೇ. ಪ್ರತಿ ವರ್ಷ ನನ್ನ ಜೊತೆ ರೊಟ್ಟಿ ಮುರಿದಳು. ನಾನೂ ಮುರಿದೆ. ನನ್ನ ಕೈ ನಡುಗಲಿಲ್ಲ ಎಂದರೆ ನಂಬುತ್ತೀರಾ? ನಡುಗಲಿಲ್ಲ. ಅಭ್ಯಾಸವಾಗಿಬಿಟ್ಟಿತ್ತು.

ಆಮೇಲಿನ ಹದಿನೈದು ವರ್ಷ ಅವಳು ರೀಗಾದಲ್ಲಿ, ಲೆನಿನ್‌ಗ್ರಾಡ್‌ನಲ್ಲಿ, ಮಾಸ್ಕೋದಲ್ಲಿ ನಟಿಸಿದಳು. ಅಲ್ಲಿನವರ ಕಣ್ಣಿಗೆ ನಾವೆಲ್ಲ ಅರೆ ಪರದೇಶಿಗಳು. ಚಿತ್ರದಲ್ಲಿ ಜರ್ಮನ್ ಬೇಕೆಂದರೆ, ಇಂಗ್ಲಿಷ್ ದೊರೆಸಾನಿ ಬೇಕೆಂದರೆ, ಹೊಂಬಣ್ಣದ ಕೂದಲಿನ ಲಿಥುವೇನಿಯದವರಿಗೆ ಕರೆ ಬರುತ್ತಿತ್ತು. ಮಾತು ಮಾತ್ರ ಅಲ್ಲಿಯವರದು. ಅವಳು ಗೂಢಚಾರಿಣಿಯಾದಳು, ದಾದಿಯಾದಳು, ಎರಡು ಸಲ ವಿಷ ಕುಡಿದು ಸತ್ತಳು. ಕ್ಯಾಮೆರಾ ಮುಂದೆ ಏನು ಹೇಳುತ್ತೀಯ ಎಂದು ಕೇಳಿದರೆ, "ಎಲ್ಲಾ ಚಿತ್ರದಾಗೂ ಮೇಷ್ಟ್ರು, ಅವರ ಹೆಂಡ್ತಿ, ಇಬ್ಬರ ಹೆಸರ ಹಿಡದ ಬಯ್ತೇನಿ. ಮುಖಕ್ಕ ಭಾಳ ಚಲೋ ಕಳೆ ಬರ್ತೇತಿ," ಎನ್ನುತ್ತಿದ್ದಳು.

ಸೋವಿಯತ್ ಹಿಡಿತದಿಂದ ದೇಶ ಬಿಡುಗಡೆಯಾಯಿತು. ಸ್ಟುಡಿಯೋಗಳು ಬಾಗಿಲು ಹಾಕಿದವು. ಟಿವಿಯಲ್ಲಿ ಮೆಕ್ಸಿಕೋ ದೇಶದ ಧಾರಾವಾಹಿಗಳ ಹೊಳೆ ಹರಿಯಿತು. ನಮ್ಮಲ್ಲಿ ಪರದೇಶದ ಚಿತ್ರದ ಮಾತನ್ನೆಲ್ಲ ಒಬ್ಬರೇ ಕೂತು, ಮೂಲ ದನಿಯ ಮೇಲೆಯೇ ನಮ್ಮ ಭಾಷೆಯಲ್ಲಿ ಓದುತ್ತಾರೆ. ಗಂಡಿಗೂ ಹೆಣ್ಣಿಗೂ ಮಗುವಿಗೂ ಒಂದೇ ಗಂಟಲು. ಆ ಕೆಲಸ ಉರ್ಶುಲೆಗೆ ಸಿಕ್ಕಿತು. ಅಷ್ಟರಲ್ಲಿ ಪೇಟೆಯ ಮಾತನ್ನು ನಮಗಿಂತ ಚೊಕ್ಕವಾಗಿ ಆಡಲು ಕಲಿತಿದ್ದಳು. ಮುಖ ಕಂಡವರು ಗುರುತು ಹಿಡಿಯುತ್ತಿರಲಿಲ್ಲ, ದನಿ ಕೇಳಿದವರು ಓಡಿ ಬರುತ್ತಿದ್ದರು. ಪೇಟೆಯ ಹಾಲೆ ಮಾರುಕಟ್ಟೆಯಲ್ಲಿ ಒಮ್ಮೆ "ಈ ಹೊಗೆ ಮೀನು ಎಷ್ಟು?" ಎಂದಳು ನೋಡಿ, ಮಾರುವವಳು ಚಾಕು ಕೆಳಗಿಟ್ಟು, "ಅಯ್ಯೋ ತಾಯಿ, ಆ ಕುರುಡಿಗೆ ಕೊನೆಗೆ ಕಣ್ಣು ಬರುತ್ತೋ ಇಲ್ವೋ, ಹೇಳ್ಬಿಡಿ!" ಎಂದು ಕೈ ಹಿಡಿದುಕೊಂಡಳು. ಮೀನು ಬಿಟ್ಟಿ ಸಿಕ್ಕಿತು.

ಎರಡು ಸಾವಿರದ ಐದನೇ ಇಸವಿ. ಎಲ್ವಿರಾ ಸತ್ತು ನಾಲ್ಕು ವರ್ಷವಾಗಿತ್ತು. ಬುದ್ರೆಕಾಸ್‌ಗೆ ಎಂಬತ್ತು ತುಂಬುವುದಿತ್ತು. ಒಂದು ಮಧ್ಯಾಹ್ನ ನಾನು ಉರ್ಶುಲೆಯ ಮನೆಯಲ್ಲಿ ಅವಳ ಕೂದಲಿಗೆ ಬಣ್ಣ ಹಚ್ಚುತ್ತಿದ್ದೆ. ಕರೆಗಂಟೆ ಸದ್ದಾಯಿತು. ಬಾಗಿಲಲ್ಲಿ ಅವನು, ಕೈಯಲ್ಲಿ ಮದುವೆಮನೆಗಳಲ್ಲಿ ಇಡುವ ಮುಳ್ಳುಮುಳ್ಳಿನ ಎತ್ತರದ ಕೇಕು. ಹುಟ್ಟುಹಬ್ಬಕ್ಕೆ ಆ ಚಿತ್ರವನ್ನು ಮತ್ತೆ ತೋರಿಸುತ್ತಾರಂತೆ. ನಮ್ಮ ಭಾಷೆಯ ಪ್ರತಿಯಂತೂ ನೆಲಮಾಳಿಗೆಯ ನೀರಿನಲ್ಲಿ ಕೊಳೆತುಹೋಗಿದೆಯಂತೆ. ಸಿಕ್ಕಿರುವುದು ರಷ್ಯನ್ ಮಾತಿನ ಪ್ರತಿ ಮಾತ್ರ. ಪ್ರದರ್ಶನದ ಹೊತ್ತಿನಲ್ಲೇ ಮೈಕಿನ ಮುಂದೆ ಕೂತು ಯಾರಾದರೂ ನಮ್ಮ ಭಾಷೆಯಲ್ಲಿ ಓದಬೇಕು.

"ಇಡೀ ದೇಶಕ್ಕೆ ನಿನ್ನ ದನಿ ಗೊತ್ತು," ಎಂದ. "ನಿನ್ನ ಮುಖಕ್ಕೆ ನಿನ್ನ ದನಿ. ಎಷ್ಟು ಚೆನ್ನಾಗಿರುತ್ತೆ ಯೋಚ್ನೆ ಮಾಡು, ತಾಯಿ."

ತಲೆಯ ತುಂಬ ಬಣ್ಣದ ಕೆಸರು ಮೆತ್ತಿಕೊಂಡಿದ್ದ ಉರ್ಶುಲೆ ನಕ್ಕಳು. "ಮಾತು ಅದೇನಾ, ಮೇಷ್ಟ್ರೇ?"

"ಒಂದಕ್ಷರ ಬದಲಾಯಿಸೋ ಹಾಗಿಲ್ಲ. ಅದು ಆ ಕಾಲದ ದಾಖಲೆ."

"ಆಗ್ಲಿ ಮೇಷ್ಟ್ರೇ. ಒಂದೇ ಒಂದು ಆಸೆ. ಮೊದಲ ಪ್ರದರ್ಶನ ವೈಶ್‌ಗಿರೆಲೇ ಆಗ್ಬೇಕು. ಅದೇ ಭವನದಲ್ಲಿ. ಏಳನೇ ಸಾಲಿನ ಅಂಚಿನ ಸೀಟು ಖಾಲಿ ಇಡ್ಬೇಕು, ನಮ್ಮಮ್ಮನ ನೆನಪಿಗೆ."

ಅವನ ಕಣ್ಣು ತೇವವಾಯಿತು. ಹಳೆಯದೆಲ್ಲ ಮರೆತಿದ್ದಾಳೆ ಎಂದುಕೊಂಡ ಮುದುಕ! ವೈಶ್‌ಗಿರೆಯ ಪುರಸಭೆಯವರೂ ಖುಷಿಯಾಗಿ, ಅವನಿಗೆ ಊರ ಗೌರವ ಪೌರನೆಂಬ ಬಿರುದನ್ನು ಅದೇ ವೇದಿಕೆಯಲ್ಲಿ ಕೊಡುವುದೆಂದು ತೀರ್ಮಾನಿಸಿದರು. ಅವನು ಹೋದ ಮೇಲೆ ಉರ್ಶುಲೆ ಕೇಕಿನ ಮುಳ್ಳುಗಳನ್ನು ಒಂದೊಂದಾಗಿ ಲಟಕ್ಕನೆ ಮುರಿದು ತಿನ್ನುತ್ತಾ ಕೂತಳು. ನನಗೂ ಕೊಟ್ಟಳು.

ತಯಾರಿಗೆಂದು ಕೊಟ್ಟ ಡಿಸ್ಕಿನಲ್ಲಿ ಅವಳು ನೋಡುತ್ತಿದ್ದದ್ದು ಒಂದೇ ದೃಶ್ಯ. ನಿಲ್ಲಿಸುವುದು, ಹಿಂದಕ್ಕೆ ಓಡಿಸುವುದು, ತನ್ನ ಇಪ್ಪತ್ತನಾಲ್ಕರ ತುಟಿ ನೋಡುವುದು, ಅರವತ್ತರ ತುಟಿ ಆಡಿಸುವುದು. ಅವಳು ಏನು ಮಾಡಲಿದ್ದಾಳೆಂದು ನನಗೆ ಅರ್ಥವಾಯಿತು. ಹಿಗ್ಗಾಯಿತು, ಸುಳ್ಳೇಕೆ? ಅವನನ್ನು ನಾನೂ ದ್ವೇಷಿಸುತ್ತಿದ್ದೆ. ನನ್ನನ್ನು ಅಷ್ಟು ಅಗ್ಗವಾಗಿ ಕೊಂಡವನನ್ನು ಹೇಗೆ ಕ್ಷಮಿಸಲಿ?

ಅಕ್ಟೋಬರ್. ಭವನ ತುಂಬಿತ್ತು. ಮೊದಲ ಸಾಲಿನಲ್ಲಿ ಬುದ್ರೆಕಾಸ್, ಪಕ್ಕದಲ್ಲಿ ಹೂಗುಚ್ಛ ಹಿಡಿದ ಪುರಸಭೆಯ ಅಧ್ಯಕ್ಷ. ಅಂದು ಅವ್ವನ ಸಾವಿನಲ್ಲಿ ಹಾಡು ನಿಲ್ಲಿಸಿದ ಹೆಂಗಸರಲ್ಲಿ ಉಳಿದಿದ್ದ ನಾಲ್ವರು ಒಟ್ಟಿಗೆ ಕೂತಿದ್ದರು. ಹಿಂದಿನ ಗೋಡೆಯ ಬಳಿ ಪುಟ್ಟ ಮೇಜು, ಮೈಕು, ದೀಪ. ಅಲ್ಲಿ ಉರ್ಶುಲೆ, ಪಕ್ಕದಲ್ಲಿ ದನಿ ಏರಿಸಿ ಇಳಿಸುವ ಹುಡುಗ, ಅವರ ಹಿಂದೆ ನಾನು. ನಲವತ್ತು ನಿಮಿಷ ಹಾಳೆಯಲ್ಲಿದ್ದ ಪ್ರತಿ ಮಾತನ್ನೂ ಅವಳು ಚೊಕ್ಕವಾಗಿ ಓದಿದಳು. ಬುದ್ರೆಕಾಸ್ ತೃಪ್ತಿಯಿಂದ ತಲೆಯಾಡಿಸುವುದು ಹಿಂದಿನಿಂದಲೇ ಕಾಣುತ್ತಿತ್ತು.

ಚೌಕ ಬಂತು. ಉರ್ಶುಲೆ ಎಡಗೈ ಎತ್ತಿದಳು. ಮೊದಲೇ ಮಾತಾಗಿದ್ದಂತೆ ಪಕ್ಕದ ಹುಡುಗ ರಷ್ಯನ್ ದನಿಯನ್ನು ಪೂರ್ತಿ ಇಳಿಸಿದ. ಪರದೆಯ ತುಂಬ ಮುಖ. ತುಟಿ ಬಿಚ್ಚಿತು.

"ಏಳೋ ಲಿಯುದಾಸಣ್ಣ. ಹಾಲು ಆರಾಕತ್ತಾವ."

ಪೇಟೆಯ ಮಾತಲ್ಲ, ಆ ಊರಿನ ಮಾತು. ಪರದೆಯ ತುಟಿಗೂ ಆ ಮಾತಿಗೂ ಕೂದಲೆಳೆಯಷ್ಟು ಅಂತರವಿಲ್ಲ. ಲಿಯುದಾಸ್ ಎನ್ನುವಾಗ ತುಟಿ ಲಿಯುದಾಸ್ ಎಂದಿತು, ಎಲ್ಲರ ಕಣ್ಣೆದುರಿಗೆ.

"ಅವ್ವ ಬಾಯಿ ಮುಚ್ಚಿದ್ಲೋ, ಅದಕ್ಕ ಆವತ್ತ ಕೂಗಲಿಲ್ಲ. ನೀ ನಮ್ಮವನ ಅದೀ. ನೀ ನಮ್ಮವನ."

ಹತ್ತೊಂಬತ್ತು ಸೆಕೆಂಡು ಮುಗಿಯಿತು. ಉರ್ಶುಲೆ ಮೈಕನ್ನು ಇನ್ನೂ ಹತ್ತಿರ ಎಳೆದುಕೊಂಡಳು.

"ವೈಶ್‌ಗಿರೆ ಮಂದಿ, ಕೇಳ್ರಿ. ನಾ ಆವತ್ತ ಅಂದಿದ್ದು ಇದು. ನೀವು ಕೇಳಿದ್ದು ಇವರ ಹೆಂಡ್ತಿ ಅಂದಿದ್ದು. ಬರದವರು ಇವರು, ಮೊದಲನೇ ಸಾಲಿನಾಗ ಕುಂತಾರ. ನಮ್ಮವ್ವ ಅದನ್ನ ನಂದ ಅಂತ ತಿಳಕೊಂಡ ಸತ್ಲು. ಮುಂದಿಂದು ನಾ ಓದಂಗಿಲ್ಲ. ಮೇಷ್ಟ್ರೇ, ನೀವ ಓದ್ರಿ."

ಮೈಕಿನ ಗುಂಡಿ ಒತ್ತಿ ಆರಿಸಿದಳು. ಪರದೆಯ ಮೇಲೆ ಚಿತ್ರ ಮೂಕವಾಗಿ ಓಡುತ್ತಿತ್ತು. ಆ ನಾಲ್ವರಲ್ಲಿ ದೊಡ್ಡವಳು ಕೋಲೂರಿ ಎದ್ದಳು. ಖಾಲಿ ಸೀಟಿನ ಹತ್ತಿರ ಹೋಗಿ ಅದರ ಬೆನ್ನು ಸವರಿದಳು. ಆಮೇಲೆ ಬಾಗಿಲ ಕಡೆ ನಡೆದಳು. ಅವಳ ಹಿಂದೆ ಇನ್ನೊಬ್ಬಳು. ಒಂದೊಂದೇ ಸಾಲು ಎದ್ದಿತು. ಅವ್ವ ಅಂದು ಒಬ್ಬಳೇ ನಡೆದ ದಾರಿಯಲ್ಲಿ ಈಗ ಮುನ್ನೂರು ಜನ ನಡೆದು ಹೊರಗೆ ಹೋದರು. ಪುರಸಭೆಯ ಅಧ್ಯಕ್ಷ ಹೂಗುಚ್ಛವನ್ನು ಏನು ಮಾಡಬೇಕೆಂದು ತಿಳಿಯದೆ ಕುರ್ಚಿಯ ಕೆಳಗೆ ತಳ್ಳಿ ಎದ್ದು ಹೋದ. ಬುದ್ರೆಕಾಸ್ ಒಬ್ಬನೇ ಕೂತಿದ್ದ. ತಾನು ಮಾಡಿದ ಮುಖವನ್ನು ಕೊನೆಯವರೆಗೂ ನೋಡಿದ.

ಬಿರುದು ರದ್ದಾಯಿತು. ಪತ್ರಿಕೆಗಳು ಬರೆದವು. ಉಳಿದ ಊರುಗಳ ಪ್ರದರ್ಶನಗಳೆಲ್ಲ ನಿಂತವು. ಉರ್ಶುಲೆ ಅವ್ವನ ಸಮಾಧಿಯ ಮೇಲೆ ಅಣ್ಣನಿಗೂ ಅವ್ವನಿಗೂ ದೀಪ ಹಚ್ಚಿ ಬಂದಳು. ಆ ದಿನ ಸ್ಮಶಾನದಲ್ಲಿ ಊರ ಹೆಂಗಸರು ಅವಳ ಜೊತೆ ಹಾಡಿದರು.

ಡಿಸೆಂಬರ್ ಬಂತು. ಕೂಚೊಸ್ ಸಂಜೆ, ನನ್ನ ಫ್ಲಾಟು. ಬೀಟ್ರೂಟ್ ಜೊತೆ ಹೆರಿಂಗ್ ಮೀನು, ಅಣಬೆ, ಗಸಗಸೆ ಹಾಲು, ಎಲ್ಲ ಸೇರಿ ಹನ್ನೆರಡು ಬಗೆ. ಖಾಲಿ ತಟ್ಟೆ ಇಟ್ಟಿದ್ದೆ. ಕೂರುವಷ್ಟರಲ್ಲಿ ಬಾಗಿಲು ಸದ್ದಾಯಿತು. ಆ ಸಂಜೆ ಬಂದವರನ್ನು ಹಿಂದಕ್ಕೆ ಕಳಿಸುವಂತಿಲ್ಲ. ತೆರೆದೆ. ಬುದ್ರೆಕಾಸ್. ಟೋಪಿ ಕೈಯಲ್ಲಿ, ಎರಡು ತಿಂಗಳಲ್ಲಿ ಹತ್ತು ವರ್ಷ ಮುದಿಯಾಗಿದ್ದ.

"ಬರ್ಲಿ," ಎಂದಳು ಉರ್ಶುಲೆ ಒಳಗಿನಿಂದ. ಅವಳೇ ಕುರ್ಚಿ ಎಳೆದಳು, ಅವಳೇ ತಟ್ಟೆ ತಂದಿಟ್ಟಳು. ಅವನು ಜೇಬಿನಿಂದ ರೊಟ್ಟಿಯ ಲಕೋಟೆ ತೆಗೆದು ಅವಳ ಮುಂದೆ ಚಾಚಿದ.

"ಉರ್ಶುಲೆ, ನಾನು ಹೆದರಿದ್ದೆ. ಅಷ್ಟೇ ಕಣಮ್ಮ ನಿಜ. ಮುರಿ."

ಅವಳು ಆ ಕೈಯನ್ನು ನೋಡಿದಳು. ಆಮೇಲೆ ಖಾಲಿ ತಟ್ಟೆಯ ಕಡೆ ಗದ್ದ ಎತ್ತಿದಳು.

"ಅವನ್ನ ಕೇಳ್ರಿ."

ಅವನ ಕೈ ಹಾಗೇ ಮೇಜಿನ ಮೇಲೆ ಇಳಿಯಿತು. ಉರ್ಶುಲೆ ತನ್ನ ರೊಟ್ಟಿ ತೆಗೆದುಕೊಂಡು ನನ್ನ ಕಡೆ ತಿರುಗಿ, ಮೂವತ್ತು ವರ್ಷ ಮಾಡಿದಂತೆ, ನಗುತ್ತಾ ಕೈ ಚಾಚಿದಳು. ಬುದ್ರೆಕಾಸ್ ತಲೆ ಎತ್ತಿ ನನ್ನನ್ನು ನೋಡಿದ. ಆಮೇಲೆ ಗೋಡೆ, ಕಿಟಕಿ, ಬಿಸಿನೀರಿನ ಕೊಳವೆಗಳನ್ನು ನಿಧಾನಕ್ಕೆ ನೋಡಿದ. ಅವನ ಸಮಿತಿ ಕೊಟ್ಟ ಮನೆ ಅದು. ನನ್ನ ಕೈ ಏಳಲಿಲ್ಲ.

"ಏನಾತಕ್ಕ?" ಎಂದಳು.

"ನನಗೆ ಗೊತ್ತಿತ್ತು," ಎಂದೆ. "ಚಿತ್ರ ಹೊರಗೆ ಬರೋಕೆ ಮುಂಚೆನೇ ಎಲ್ವಿರಾ ಓದಿದ ಹಾಳೆ ನಾನು ನೋಡಿದ್ದೆ. ನಿನಗೆ ಟೆಲಿಗ್ರಾಮ್ ಕೊಡ್ಬಹುದಿತ್ತು. ಕೊಡ್ಲಿಲ್ಲ. ಈ ಮನೆ ಸಿಕ್ತು."

ಉರ್ಶುಲೆಯ ನಗು ಕೂಡಲೇ ಹೋಗಲಿಲ್ಲ. ಮುಖದ ಮೇಲೆ ಅದು ಉಳಿದೇ ಇತ್ತು, ಅವಳು ಮಾತ್ರ ಅದರ ಹಿಂದೆ ಇರಲಿಲ್ಲ. ಕಣ್ಣು ಕೋಣೆಯನ್ನು ಒಂದು ಸುತ್ತು ಸುತ್ತಿ ಬಂತು. ತಾನು ಕೂತು ಅವ್ವನ ಸಾವು ಹೇಳಿಕೊಂಡ ಕುರ್ಚಿ, ತಾನು ಚಹಾ ಕುಡಿದ ಲೋಟ. ಚಾಚಿದ ಕೈಯನ್ನು ಹಿಂದಕ್ಕೆ ತೆಗೆದುಕೊಂಡಳು. ರೊಟ್ಟಿಯನ್ನು ಮುರಿಯದೆ, ಇಡಿಯಾಗಿ, ಖಾಲಿ ತಟ್ಟೆಯಲ್ಲಿಟ್ಟಳು.

"ನೀನೂ ಅವನ್ನ ಕೇಳ," ಎಂದಳು.

ಆಮೇಲೆ ಊಟಕ್ಕೆ ಕೂತಳು. ಹಸಿವಿನಿಂದ ಉಂಡಳು, ಎರಡನೇ ಸಲ ಅಣಬೆ ಹಾಕಿಸಿಕೊಂಡಳು. ಮೇಜಿನ ಈಚೆ ಬದಿಯಲ್ಲಿ ಬುದ್ರೆಕಾಸ್ ಮತ್ತು ನಾನು ಅಕ್ಕಪಕ್ಕ ಕೂತು, ಒಬ್ಬರ ಮುಖ ಒಬ್ಬರು ನೋಡದೆ, ಹೆರಿಂಗ್ ತಿಂದೆವು.